ಸುತ್ತ ಸಮುದ್ರವಿದ್ದರೂ ಸಮೋವಾಕ್ಕೆ ಜ್ವರ ಬಂದದ್ದು ಹೇಗೆ?

ಪ್ರಶ್ನೆ: ಡಾಕ್ಟ್ರೇ, ಕೊರೊನಾ ಕಾಲದಲ್ಲಿ ಪೆಸಿಫಿಕ್ ಸಾಗರದ ಎಷ್ಟೋ ಪುಟ್ಟ ದ್ವೀಪ ದೇಶಗಳಲ್ಲಿ ಎರಡು ವರ್ಷ ರೋಗವೇ ಹರಡಲಿಲ್ಲ ಎಂದು ಓದಿದ್ದೆ. ಆದರೆ 1918ರ ಫ್ಲೂ ಜ್ವರಕ್ಕೆ ಅಲ್ಲಿನದೇ ಸಮೋವಾದಲ್ಲಿ ಐದರಲ್ಲಿ ಒಬ್ಬರು ಸತ್ತರು ಎಂದೂ ಓದಿದೆ. ಎರಡೂ ಹೇಗೆ ನಿಜ? ದೂರದ ದ್ವೀಪದಲ್ಲಿ ಇರುವುದು ಇಂಥ ಕಾಲದಲ್ಲಿ ಒಳ್ಳೆಯದೋ ಕೆಟ್ಟದ್ದೋ?
– ಒಬ್ಬ ಓದುಗರು, ಶಿರಸಿ

ಉತ್ತರ: ಎರಡೂ ನಿಜ. ಮೂರನೆಯ ನಿಜವೊಂದನ್ನು ನಾನೇ ಸೇರಿಸುತ್ತೇನೆ. 1918ರಲ್ಲಿ ಪಶ್ಚಿಮ ಸಮೋವಾದಲ್ಲಿ ಹೆಣ ಹೂಳಲು ಜನ ಸಿಗದಿದ್ದಾಗ, ಪಕ್ಕದ ಪೂರ್ವ ಸಮೋವಾದಲ್ಲಿ ಆ ಜ್ವರಕ್ಕೆ ಒಬ್ಬರೂ ಸಾಯಲಿಲ್ಲ. ಒಂದೇ ಜನ, ಒಂದೇ ಭಾಷೆ, ಒಂದೇ ಊಟ. ನಡುವೆ ನೂರು ಕಿಲೋಮೀಟರೂ ಇಲ್ಲದ ಕಡಲು. ಹಾಗಾಗಿ ದ್ವೀಪ ಒಳ್ಳೆಯದೋ ಕೆಟ್ಟದ್ದೋ ಅಂತ ಕೇಳಿದರೆ ಉತ್ತರ ಸಿಗುವುದಿಲ್ಲ. ಬಂದರಿನಲ್ಲಿ ಯಾರು ನಿಂತಿದ್ದರು, ಅವರಿಗೆ ಏನು ಗೊತ್ತಿತ್ತು, ಅವರು ಏನು ಮಾಡಿದರು ಅಂತ ಕೇಳಬೇಕು. ಸಮುದಾಯ ಆರೋಗ್ಯ ಪಾಠ ಮಾಡುವಾಗ ಪ್ರತಿ ವರ್ಷ ನಾನು ಈ ಎರಡು ಸಮೋವಾಗಳಿಂದಲೇ ಶುರು ಮಾಡುತ್ತೇನೆ.

ಸಮೋವಾ ಇರುವುದು ನ್ಯೂಜಿಲೆಂಡ್‌ಗೂ ಹವಾಯಿಗೂ ನಡುವೆ. ಉಪೋಲು, ಸವಾಯಿ ಎಂಬ ಎರಡು ದೊಡ್ಡ ದ್ವೀಪಗಳೂ ಕೆಲವು ಸಣ್ಣವೂ ಸೇರಿ ಆಗಿನ ಪಶ್ಚಿಮ ಸಮೋವಾ, ಇವತ್ತಿನ ಸಮೋವಾ ದೇಶ. ರಾಜಧಾನಿ ಅಪಿಯಾ. ಈಗ ಜನಸಂಖ್ಯೆ ಸುಮಾರು 2 ಲಕ್ಷ, ಹೆಚ್ಚುಕಡಿಮೆ ನಿಮ್ಮ ಶಿರಸಿ ತಾಲ್ಲೂಕಿನಷ್ಟು. 1918ರಲ್ಲಿ ಇದ್ದದ್ದು ಬರೀ 38 ಸಾವಿರ. ಅದು ಮೊದಲು ಜರ್ಮನಿಯ ವಸಾಹತು. ಮೊದಲ ಮಹಾಯುದ್ಧ ಶುರುವಾದ ಕೂಡಲೇ, 1914ರ ಆಗಸ್ಟ್‌ನಲ್ಲಿ, ನ್ಯೂಜಿಲೆಂಡ್ ಸೈನ್ಯ ಬಂದು ಹಿಡಿದುಕೊಂಡಿತು. ಕರ್ನಲ್ ರಾಬರ್ಟ್ ಲೋಗನ್ ಆಡಳಿತಗಾರನಾದ. ಪೂರ್ವದ ಟುಟುಯಿಲಾ ಮತ್ತಿತರ ದ್ವೀಪಗಳು, ಅಂದರೆ ಅಮೆರಿಕನ್ ಸಮೋವಾ, ಅಮೆರಿಕದ ನೌಕಾಪಡೆಯ ಕೈಯಲ್ಲಿದ್ದವು. ಅಲ್ಲಿನ ಗವರ್ನರ್ ಜಾನ್ ಮಾರ್ಟಿನ್ ಪೋಯರ್.

ಈಗ ಹಡಗಿನ ವಿಷಯ. ಹೆಸರು ಟಾಲೂನ್. 1918ರ ಅಕ್ಟೋಬರ್ 30ರಂದು ಆಕ್ಲೆಂಡ್ ಬಿಟ್ಟಿತು. ಆಕ್ಲೆಂಡ್‌ನಲ್ಲಿ ಆಗಲೇ ಜ್ವರ ಎದ್ದಿತ್ತು. ಆದರೂ ಹಡಗಿಗೆ 'ರೋಗ ಇಲ್ಲ' ಎಂಬ ಆರೋಗ್ಯ ಪತ್ರ ಸಿಕ್ಕಿತು. ಏಕೆಂದರೆ ಕಾನೂನಿನ ಪ್ರಕಾರ ವರದಿ ಮಾಡಲೇಬೇಕಾದ ರೋಗಗಳ ಪಟ್ಟಿಯಲ್ಲಿ ಫ್ಲೂ ಇರಲಿಲ್ಲ. ಪ್ಲೇಗ್ ಇದ್ದಿದ್ದರೆ ಹಡಗು ಅಲ್ಲೇ ನಿಲ್ಲುತ್ತಿತ್ತು. ಜ್ವರ ತಾನೇ, ಬರುತ್ತೆ ಹೋಗುತ್ತೆ ಎಂಬ ಭಾವನೆ ಕಾಗದಕ್ಕೂ ಇಳಿದಿತ್ತು. ಫಿಜಿಯ ಸುವಾದಲ್ಲಿ ಹಡಗನ್ನು ಕ್ವಾರಂಟೈನ್‌ನಲ್ಲಿ ಇಟ್ಟರು. ನವೆಂಬರ್ 7ರಂದು ಅದು ಅಪಿಯಾ ತಲುಪಿತು. ಹಡಗಿನಲ್ಲಿ ನೋಡಿದರೇ ಗೊತ್ತಾಗುವಷ್ಟು ಕಾಯಿಲೆ ಬಿದ್ದವರಿದ್ದರು. ಸುವಾದಲ್ಲಿ ತಡೆದಿದ್ದರು ಎಂಬ ಮಾತನ್ನು ಕ್ಯಾಪ್ಟನ್ ಬಂದರಿನ ವೈದ್ಯಾಧಿಕಾರಿಗೆ ಹೇಳಲಿಲ್ಲ. ವೈದ್ಯಾಧಿಕಾರಿ ಇಳಿಯಲು ಬಿಟ್ಟ. ಜನ ಇಳಿದರು. ತಮ್ಮ ತಮ್ಮ ಊರುಗಳಿಗೆ ಹೋದರು.

ಅಷ್ಟೇ. ಒಂದು ಹಡಗು, ಒಂದು ಬೆಳಗ್ಗೆ, ಹೇಳದೆ ಉಳಿದ ಒಂದು ಮಾತು.

ಎರಡು ತಿಂಗಳೊಳಗೆ ಸುಮಾರು 8,500 ಜನ ಸತ್ತರು. ನೂರಕ್ಕೆ 22. ಸತ್ತವರು ಯಾರು ಎಂದು ನೋಡಿದರೆ ಇನ್ನೂ ಸಂಕಟವಾಗುತ್ತದೆ. ವಯಸ್ಕ ಗಂಡಸರಲ್ಲಿ ಸುಮಾರು ಶೇ 30, ಹೆಂಗಸರಲ್ಲಿ ಶೇ 22, ಮಕ್ಕಳಲ್ಲಿ ಶೇ 10. ಅಂದರೆ ದುಡಿಯುವವರೇ ಹೋದರು. ಸಾಮಾನ್ಯ ಫ್ಲೂ ಕೈಕೂಸುಗಳನ್ನೂ ಮುದುಕರನ್ನೂ ಕೊಲ್ಲುತ್ತದೆ. 1918ರದು ಇಪ್ಪತ್ತರಿಂದ ನಲವತ್ತರ ವಯಸ್ಸಿನ ಗಟ್ಟಿಮುಟ್ಟಾದವರನ್ನು ಎಲ್ಲ ಕಡೆ ಜಾಸ್ತಿ ಕೊಂದಿತು. ನಮ್ಮಲ್ಲೂ ಅಷ್ಟೇ. ಅದೇ ವರ್ಷ ಮುಂಬೈ ಬಂದರಿನಿಂದ ಒಳನಾಡಿಗೆ ರೈಲು ಹತ್ತಿ ಬಂದ ಜ್ವರ ಅದೇ ವಯಸ್ಸಿನವರನ್ನು ಹುಡುಕಿತು.

ಸಮೋವಾದ ಮನೆಯನ್ನು ಒಮ್ಮೆ ಕಣ್ಣಮುಂದೆ ತಂದುಕೊಳ್ಳಿ. ಅದಕ್ಕೆ ಫಾಲೆ ಅನ್ನುತ್ತಾರೆ. ಸುತ್ತ ಕಂಬ, ಮೇಲೆ ಗುಮ್ಮಟದಂಥ ಸೋಗೆಯ ಮಾಡು. ಗೋಡೆಯೇ ಇಲ್ಲ. ಮಳೆ ಬಂದರೆ ತೆಂಗಿನ ಗರಿಯ ತಟ್ಟಿ ಇಳಿಬಿಡುತ್ತಾರೆ. ದಾರಿಯಲ್ಲಿ ಹೋಗುವವರಿಗೆ ಮನೆಯೊಳಗೆ ಯಾರು ಏನು ಮಾಡುತ್ತಿದ್ದಾರೆ ಎಂದು ಕಾಣುತ್ತದೆ. ಇಷ್ಟು ಗಾಳಿಯಾಡುವ ಮನೆಯಲ್ಲಿ ರೋಗ ಹರಡಬಾರದಿತ್ತು ಅಲ್ವಾ? ಆದರೆ ಒಂದೇ ಚಾಪೆಯ ಮೇಲೆ ಇಡೀ ಕುಟುಂಬ ಮಲಗುತ್ತದೆ. ಕಾಯಿಲೆಯವರನ್ನು ನೋಡಲು ಊರೇ ಬಂದು ಪಕ್ಕದಲ್ಲಿ ಕೂರುತ್ತದೆ. ಹಾಗೆ ಬರದಿದ್ದರೆ ಅಲ್ಲಿ ಅದು ಅವಮಾನ. ನಮ್ಮ ಹಳ್ಳಿಗಳಲ್ಲೂ ಹಾಗೆಯೇ ಅಲ್ಲವೇ? ಪ್ರೀತಿಯಿಂದ ಮಾಡಿದ್ದೇ ಜ್ವರಕ್ಕೆ ದಾರಿಯಾಯಿತು. ಕೆಲವು ಕಡೆ ಮನೆಗೆ ಮನೆಯೇ ಸತ್ತಾಗ ಫಾಲೆಯನ್ನು ಹೆಣಗಳ ಮೇಲೆ ಕೆಡವಿ ಬೆಂಕಿ ಇಟ್ಟರು. ಅಪಿಯಾದ ಸುತ್ತಮುತ್ತ ಲಾರಿಯಲ್ಲಿ ಹೆಣ ಒಟ್ಟುಮಾಡಿ, ಹತ್ತಿರದ ವೈಮೊಸೊ ಎಂಬ ಊರಿನಲ್ಲಿ ದೊಡ್ಡ ಗುಂಡಿ ತೋಡಿ ಒಟ್ಟಿಗೇ ಮಣ್ಣು ಮಾಡಿದರು.

ಇಷ್ಟೊಂದು ಸಾವಿಗೆ ವೈರಸ್ ಒಂದೇ ಕಾರಣವಲ್ಲ. ಇದನ್ನು ನೀವು ಗಮನಿಸಬೇಕು. ಸಮೋವಾದವರ ಮುಖ್ಯ ಊಟ ಕೆಸುವಿನ ಗಡ್ಡೆ, ಹಲಸಿನ ಜಾತಿಯ ದೀವಿಹಲಸು, ಬಾಳೆ, ತೆಂಗಿನಕಾಯಿ, ಮೀನು. ಕೆಸುವಿನ ಎಲೆಗೆ ತೆಂಗಿನ ಹಾಲು ಹಾಕಿ ಬೇಯಿಸುತ್ತಾರೆ. ಪತ್ರೊಡೆ ತಿಂದವರಿಗೆ ಆ ರುಚಿ ದೂರದ್ದಲ್ಲ. ಈ ಊಟದಲ್ಲಿ ಒಂದು ತೊಡಕಿದೆ. ಅಕ್ಕಿಯ ಹಾಗೆ ಕಣಜದಲ್ಲಿ ತುಂಬಿಡುವುದು ಕಷ್ಟ. ಗಡ್ಡೆ ಕೀಳಬೇಕು, ಕಾಯಿ ಇಳಿಸಬೇಕು, ಮೀನು ಹಿಡಿಯಬೇಕು. ಮನೆಯಲ್ಲಿ ಎಲ್ಲರೂ ಒಂದೇ ವಾರ ಮಲಗಿದರೆ? ತೋಟದಲ್ಲಿ ಗಡ್ಡೆ ಇದೆ, ಕೀಳುವವರಿಲ್ಲ. ಹೊರಗೆ ನೀರಿದೆ, ತಂದು ಬಾಯಿಗೆ ಬಿಡುವವರಿಲ್ಲ. ಜ್ವರದಿಂದ ಬದುಕಬಹುದಾಗಿದ್ದವರು ಹಸಿವೆಯಿಂದ, ಬಾಯಾರಿಕೆಯಿಂದ, ಆರೈಕೆ ಇಲ್ಲದೆ ಸತ್ತರು. ಸಾಂಕ್ರಾಮಿಕದಲ್ಲಿ 'ಎಷ್ಟು ಜನರಿಗೆ ಬಂತು' ಅನ್ನುವುದರಷ್ಟೇ 'ಎಷ್ಟು ಜನರಿಗೆ ಒಟ್ಟಿಗೇ ಬಂತು' ಅನ್ನುವುದೂ ಮುಖ್ಯ ಎಂದು ನಾವು ಹೇಳುವುದು ಇದಕ್ಕೇ. ದೊಡ್ಡ ದೇಶದಲ್ಲಿ ಒಂದು ಜಿಲ್ಲೆ ಮಲಗಿದರೆ ಪಕ್ಕದ ಜಿಲ್ಲೆಯವರು ಬರಬಹುದು. ದ್ವೀಪಕ್ಕೆ ಪಕ್ಕದ ಜಿಲ್ಲೆ ಇಲ್ಲ.

ಆದರೆ ಪಕ್ಕದ ದ್ವೀಪ ಇತ್ತು. ಪೋಯರ್‌ಗೆ ರೇಡಿಯೊ ಸುದ್ದಿಯಿಂದ ಜ್ವರದ ವಿಷಯ ಗೊತ್ತಾಯಿತು. ಕೂಡಲೇ ಬಂದರು ಬಿಗಿ ಮಾಡಿದ. ಬಂದವರನ್ನು ಪ್ರತ್ಯೇಕವಾಗಿಟ್ಟು ತಪಾಸಣೆ ಮಾಡಿಸಿದ. ಊರಿನ ಮುಖಂಡರನ್ನು ಕೂಡಿಸಿ ವಿಷಯ ಹೇಳಿದ. ಅವರೇ ತಮ್ಮ ತಮ್ಮ ದಡಗಳನ್ನು ಹಗಲು ರಾತ್ರಿ ಕಾಯ್ದರು, ಪಶ್ಚಿಮದಿಂದ ದೋಣಿ ಬಂದರೆ ಹಿಂದೆ ಕಳಿಸಿದರು. ಆ ದೋಣಿಗಳಲ್ಲಿ ಬಂದವರು ಬೇರೆ ಯಾರೂ ಅಲ್ಲ, ಅವರದೇ ನೆಂಟರು. ಅಧಿಕಾರಿಯ ಆಜ್ಞೆಗಿಂತ ಜನ ಒಪ್ಪಿಕೊಂಡು ಕಾವಲು ನಿಂತದ್ದು ದೊಡ್ಡದು ಎಂದು ನನಗೆ ಯಾವಾಗಲೂ ಅನ್ನಿಸುತ್ತದೆ. ಈ ಬಿಗಿ 1920ರವರೆಗೂ ಇತ್ತು. ಒಂದೂ ಸಾವು ಆಗಲಿಲ್ಲ.

ಪೋಯರ್ ಪಶ್ಚಿಮಕ್ಕೆ ವೈದ್ಯಕೀಯ ನೆರವು ಕಳಿಸುತ್ತೇನೆ ಎಂದ. ಲೋಗನ್ ಅದನ್ನು ಪಡೆಯಲಿಲ್ಲ. ತನ್ನ ಕಡೆಯಿಂದ ಬಂದ ಟಪಾಲು ದೋಣಿಯನ್ನು ಅಲ್ಲಿ ತಡೆದರೆಂದು ಸಿಟ್ಟಾಗಿ ರೇಡಿಯೊ ಸಂಪರ್ಕವನ್ನೇ ನಿಲ್ಲಿಸಿದ. ನೂರು ವರ್ಷದ ನಂತರ ಓದುವಾಗಲೂ ಇಲ್ಲಿ ನನಗೆ ಮುಂದಕ್ಕೆ ಹೋಗಲು ಆಗುವುದಿಲ್ಲ. ಆಸ್ಟ್ರೇಲಿಯಾದಿಂದ ವೈದ್ಯರನ್ನು ಹೊತ್ತ ಎನ್‌ಕೌಂಟರ್ ಎಂಬ ಯುದ್ಧನೌಕೆ ಡಿಸೆಂಬರ್ ಮೊದಲ ವಾರ ಬಂತು. ಅಷ್ಟರಲ್ಲಿ ಹೋಗುವವರು ಹೋಗಿಯಾಗಿತ್ತು.

ಆಮೇಲಿನದು ಚಿಕ್ಕದಾಗಿ ಹೇಳುತ್ತೇನೆ. ಕುಟುಂಬದ ಹಿರಿತನದ ಬಿರುದು ಹೊತ್ತವರನ್ನು ಅಲ್ಲಿ ಮಟಾಯ್ ಅನ್ನುತ್ತಾರೆ. ಜಮೀನು ಯಾರದು, ಬಿರುದು ಯಾರಿಗೆ ಸೇರಬೇಕು, ವಂಶ ಎಲ್ಲಿಂದ ಬಂತು ಎಲ್ಲ ಅವರ ನೆನಪಿನಲ್ಲಿತ್ತು. ಅಂಥವರೇ ರಾಶಿ ರಾಶಿ ಹೋದರು. 1919ರಲ್ಲಿ ತನಿಖಾ ಆಯೋಗ ಕೂತಿತು, ಆಡಳಿತದ ತಪ್ಪುಗಳನ್ನು ದಾಖಲಿಸಿತು. ನಮ್ಮನ್ನು ಅಮೆರಿಕದ ಕಡೆಗೆ ಸೇರಿಸಿ ಎಂದು ಉಳಿದ ಮುಖಂಡರು ಅರ್ಜಿಯನ್ನೂ ಕೊಟ್ಟಿದ್ದರು. ಆ ನೋವು ಮುಂದೆ ಮಾವು ಎಂಬ ಸ್ವಾತಂತ್ರ್ಯ ಚಳವಳಿಗೆ ಬಲ ಕೊಟ್ಟಿತು. 1962ರ ಜನವರಿ 1ರಂದು ಸಮೋವಾ ಸ್ವತಂತ್ರವಾಯಿತು. 2002ರಲ್ಲಿ ನ್ಯೂಜಿಲೆಂಡ್ ಪ್ರಧಾನಿ ಹೆಲೆನ್ ಕ್ಲಾರ್ಕ್ ಅಪಿಯಾಕ್ಕೆ ಬಂದು ಕ್ಷಮೆ ಕೇಳಿದರು.

ಈಗ ನಿಮ್ಮ ಪ್ರಶ್ನೆಯ ವೈದ್ಯಕೀಯ ಭಾಗ. ದೂರ ಇರುವುದರಿಂದ ರೋಗ ತಡವಾಗಿ ಬರುತ್ತದೆ. ಆದರೆ ಬಾರದ ರೋಗಕ್ಕೆ ಮೈಯಲ್ಲಿ ತಡೆಯುವ ಶಕ್ತಿಯೂ ಬೆಳೆದಿರುವುದಿಲ್ಲ. ಇದನ್ನು ಚೆನ್ನಾಗಿ ತೋರಿಸಿದವನು ಪೀಟರ್ ಪಾನುಮ್ ಎಂಬ ಡೆನ್ಮಾರ್ಕಿನ ಎಳೆಯ ವೈದ್ಯ. 1846ರಲ್ಲಿ ಉತ್ತರ ಅಟ್ಲಾಂಟಿಕ್‌ನ ಫಾರೋ ದ್ವೀಪಗಳಿಗೆ ದಡಾರ ಬಂತು. ಹಿಂದಿನ ಸಲ ಬಂದದ್ದು 1781ರಲ್ಲಿ. ನಡುವೆ 65 ವರ್ಷ ಒಂದೂ ಪ್ರಕರಣವಿಲ್ಲ. ಸುಮಾರು 7,800 ಜನರಲ್ಲಿ 6,000ಕ್ಕೂ ಹೆಚ್ಚು ಮಂದಿಗೆ ಬಂತು. ಪಾನುಮ್ ದೋಣಿಯಲ್ಲಿ ಹಳ್ಳಿ ಹಳ್ಳಿ ತಿರುಗಿ ಯಾರಿಗೆ ಯಾವ ದಿನ ಗುಳ್ಳೆ ಎದ್ದವು ಎಂದು ಬರೆದುಕೊಂಡ. ಆಗ ಅವನಿಗೆ ಕಂಡದ್ದು ಇದು: 1781ರಲ್ಲಿ ದಡಾರ ಆಗಿದ್ದ ಮುದುಕರು ಯಾರಿಗೂ ಎರಡನೇ ಸಲ ಬರಲಿಲ್ಲ. ಒಮ್ಮೆ ಬಂದರೆ ಜೀವಮಾನದ ರಕ್ಷಣೆ ಎಂದು ತಿಳಿದದ್ದು ಹೀಗೆ, ವೈರಸ್ ಎಂಬುದು ಯಾರಿಗೂ ಗೊತ್ತಿಲ್ಲದ ಕಾಲದಲ್ಲಿ. ದಡಾರ ಸಣ್ಣ ದ್ವೀಪದಲ್ಲಿ ಖಾಯಂ ಉಳಿಯಲಾರದು, ಹೊಸ ಮಕ್ಕಳು ಸಾಲುವುದಿಲ್ಲ. ಉರಿದು ಆರುತ್ತದೆ. ಮತ್ತೆ ಹಡಗು ತರಬೇಕು. ಆದರೆ ತಂದ ದಿನ ಊರೆಲ್ಲ ಒಣಹುಲ್ಲಿನ ಹಾಗೆ ಕಾದಿರುತ್ತದೆ.

ಲಸಿಕೆ ಇರುವ ಕಾಲದಲ್ಲಿ ಈ ಒಣಹುಲ್ಲು ಇರಬೇಕಿಲ್ಲ. ಆದರೂ 2019ರಲ್ಲಿ ಸಮೋವಾದಲ್ಲಿ ಅದೇ ಆಯಿತು. ಇದನ್ನು ಬಿಟ್ಟು ಕೊರೊನಾಕ್ಕೆ ಹೋದರೆ ಕಥೆ ಅರ್ಧವಾಗುತ್ತದೆ.

2018ರ ಜುಲೈನಲ್ಲಿ ಸವಾಯಿ ದ್ವೀಪದ ಆಸ್ಪತ್ರೆಯೊಂದರಲ್ಲಿ ದಡಾರದ ಎಂಎಂಆರ್ ಲಸಿಕೆ ಪಡೆದ ಎರಡು ಹಸುಗೂಸುಗಳು ಕೂಡಲೇ ಸತ್ತವು. ಲಸಿಕೆ ಪುಡಿಯ ರೂಪದಲ್ಲಿ ಬರುತ್ತದೆ, ಅದಕ್ಕೆ ಶುದ್ಧ ನೀರು ಬೆರೆಸಿ ಚುಚ್ಚಬೇಕು. ನೀರಿನ ಬದಲು, ಆಪರೇಷನ್ ಹೊತ್ತಿನಲ್ಲಿ ಸ್ನಾಯು ಸಡಿಲಿಸಲು ಕೊಡುವ ಔಷಧವನ್ನು ಬೆರೆಸಿದ್ದರು. ತಪ್ಪು ಲಸಿಕೆಯದ್ದಲ್ಲ, ಬೆರೆಸಿದ ಕೈಯದ್ದು. ಆದರೆ ಸರ್ಕಾರ ಲಸಿಕೆಯನ್ನೇ ತಿಂಗಳುಗಟ್ಟಲೆ ನಿಲ್ಲಿಸಿತು. ತಾಯಂದಿರ ನಂಬಿಕೆ ಮುರಿಯಿತು. ಫೇಸ್‌ಬುಕ್‌ನಲ್ಲಿ ಲಸಿಕೆ ವಿರೋಧಿಗಳು ಆ ಬಿರುಕಿಗೆ ಕೈ ಹಾಕಿದರು. ಲಸಿಕೆ ಪಡೆದ ಮಕ್ಕಳ ಪ್ರಮಾಣ ಶೇ 31ರ ಹತ್ತಿರಕ್ಕೆ ಕುಸಿಯಿತು. ಅದೇ ಹೊತ್ತಿಗೆ, ಮತ್ತೆ ಆಕ್ಲೆಂಡ್‌ನಿಂದಲೇ, ಈ ಸಲ ವಿಮಾನದಲ್ಲಿ, ದಡಾರ ಬಂತು. 5,700 ಮಂದಿಗೆ ತಗುಲಿತು. 83 ಜನ ಸತ್ತರು. ಬಹುತೇಕ ಎಲ್ಲರೂ ಐದು ವರ್ಷದೊಳಗಿನ ಮಕ್ಕಳು. ಶಿರಸಿಯಷ್ಟು ಜನರಿರುವ ನಾಡಿನಲ್ಲಿ 83 ಶವಪೆಟ್ಟಿಗೆ, ಹೆಚ್ಚಿನವು ಪುಟ್ಟವು. ಲಸಿಕೆ ಸರಿಯಾಗಿ ಹಾಕಿದ್ದ ಟೊಂಗಾ, ಫಿಜಿ, ಅಮೆರಿಕನ್ ಸಮೋವಾಗಳಿಗೂ ಅದೇ ವೈರಸ್ ಹೋಯಿತು. ಅಲ್ಲಿ ಒಂದು ಮಗುವೂ ಸಾಯಲಿಲ್ಲ.

2019ರ ಡಿಸೆಂಬರ್ 5 ಮತ್ತು 6ರಂದು ಸರ್ಕಾರ ಇಡೀ ದೇಶದ ಬಾಗಿಲು ಮುಚ್ಚಿತು. ಅಂಗಡಿ ಇಲ್ಲ, ಕಚೇರಿ ಇಲ್ಲ, ರಸ್ತೆಯಲ್ಲಿ ಲಸಿಕೆ ತಂಡದ ಗಾಡಿ ಬಿಟ್ಟು ಬೇರೆ ಇಲ್ಲ. ಲಸಿಕೆ ಆಗದವರು ಮನೆ ಮುಂದೆ ಕೆಂಪು ಬಟ್ಟೆ ಕಟ್ಟಿ ಎಂದು ಹೇಳಿದ್ದರು. ಗೇಟಿಗೆ, ಮರಕ್ಕೆ, ಕಂಬಕ್ಕೆ ಕೈಗೆ ಸಿಕ್ಕ ಕೆಂಪು ಬಟ್ಟೆ ಕಟ್ಟಿಕೊಂಡು ಜನ ಕಾಯ್ದರು. ದಾದಿಯರು ಬಟ್ಟೆ ಕಂಡಲ್ಲಿ ಇಳಿದರು. ವರ್ಷದ ಕೊನೆಗೆ ಲಸಿಕೆ ಶೇ 95ರ ಹತ್ತಿರ ಮುಟ್ಟಿತು.

ನಮ್ಮಲ್ಲಿ 2017ರ ಫೆಬ್ರವರಿಯಲ್ಲಿ ದಡಾರ–ರುಬೆಲ್ಲಾ ಲಸಿಕೆ ಅಭಿಯಾನ ನಡೆದದ್ದು ನೆನಪಿದೆಯೇ? ನಾನು ಒಂದು ಶಾಲೆಯಲ್ಲಿ ಕೂತಿದ್ದೆ. ಒಬ್ಬ ತಾಯಿ ಮೊಬೈಲ್ ಹಿಡಿದು ಬಂದರು. 'ಸರ್, ಇದರಲ್ಲಿ ಮಕ್ಕಳಾಗಲ್ಲ ಅಂತ ಬಂದಿದೆ, ನಿಜಾನಾ?' ಅಂದರು. ಅರ್ಧ ಗಂಟೆ ಮಾತಾಡಿದ ಮೇಲೆ ಮಗಳ ತೋಳು ಮುಂದೆ ಮಾಡಿದರು. ಹಿಂದೆ ಸಾಲು ಬೆಳೆದಿತ್ತು, ಜೊತೆಯವರು ಗಡಿಬಿಡಿ ಮಾಡುತ್ತಿದ್ದರು. ಆ ಅರ್ಧ ಗಂಟೆ ಸುಮ್ನೆ ಹೋಯಿತು ಎಂದು ನನಗೆ ಅನ್ನಿಸಲಿಲ್ಲ. ಸಮೋವಾದ ಸುದ್ದಿ ಬಂದಾಗ ಆ ತಾಯಿಯೇ ನೆನಪಾದರು.

ದಡಾರದ ತುರ್ತು ಪರಿಸ್ಥಿತಿ ಮುಗಿದದ್ದು 2019ರ ಡಿಸೆಂಬರ್ ಕೊನೆಗೆ. ಅದೇ ವಾರ ಚೀನಾದ ವುಹಾನ್‌ನಿಂದ ಹೊಸ ನ್ಯುಮೋನಿಯಾದ ಸುದ್ದಿ ಬಂತು. ಮಕ್ಕಳನ್ನು ಮಣ್ಣು ಮಾಡಿ ಬಂದ ದೇಶಕ್ಕೆ ಯಾರೂ ಬೇರೆ ಬುದ್ಧಿ ಹೇಳಬೇಕಿರಲಿಲ್ಲ. 2020ರ ಫೆಬ್ರವರಿಯಲ್ಲೇ, ತಿರುಗಿ ಬಂದ ತನ್ನದೇ ಎಂಟು ಪ್ರಜೆಗಳನ್ನು ಸಮೋವಾ ಫಿಜಿಗೆ ವಾಪಸ್ ಕಳಿಸಿತು. ಮಾರ್ಚ್‌ನಲ್ಲಿ ಗಡಿ ಮುಚ್ಚಿತು. ಆಮೇಲೆ ಬಂದದ್ದು ಸರ್ಕಾರ ಏರ್ಪಾಡು ಮಾಡಿದ ಕೆಲವೇ ವಿಮಾನಗಳು. ಇಳಿದವರೆಲ್ಲ ವಾರಗಟ್ಟಲೆ ಕ್ವಾರಂಟೈನ್‌ನಲ್ಲಿ. 2020ರ ನವೆಂಬರ್‌ನಲ್ಲಿ ಮನೆಗೆ ಮರಳಿದ ಒಬ್ಬ ಹಡಗು ಕೆಲಸಗಾರನಲ್ಲಿ ಮೊದಲ ಬಾರಿ ಪಾಸಿಟಿವ್ ಬಂತು. ಅವನು ಕ್ವಾರಂಟೈನ್‌ನಲ್ಲೇ ಇದ್ದ, ಅಲ್ಲೇ ನಿಂತಿತು. ಟಾಲೂನ್ ಬಂದ ದಿನ ಇರದೇ ಇದ್ದದ್ದು ಇದೇ: ಇಳಿದವನಿಗೂ ಊರಿಗೂ ನಡುವೆ ಒಂದು ಕೋಣೆ.

ಬೆಲೆ ಕಡಿಮೆಯೇನಲ್ಲ. ಆ ದೇಶದ ವರಮಾನದಲ್ಲಿ ಸುಮಾರು ಕಾಲು ಭಾಗ ಪ್ರವಾಸಿಗರಿಂದ ಬರುತ್ತಿತ್ತು. ಅದು ಸೊನ್ನೆಯಾಯಿತು. ಕಡಲ ದಡದಲ್ಲಿ ಫಾಲೆ ಕಟ್ಟಿ ಬಾಡಿಗೆಗೆ ಕೊಡುತ್ತಿದ್ದ ಕುಟುಂಬಗಳು ಕೆಸುವಿನ ತೋಟಕ್ಕೆ ಮರಳಿದವು. ಸತತ ಮೂರು ವರ್ಷ ಆರ್ಥಿಕತೆ ಕುಗ್ಗಿತು. ನ್ಯೂಜಿಲೆಂಡ್‌ನಲ್ಲಿ ಹಣ್ಣು ಕೀಳಲು ಹೋದ ಕೂಲಿಗಳು ತಿಂಗಳುಗಟ್ಟಲೆ ಅಲ್ಲೇ ಸಿಕ್ಕಿಕೊಂಡರು. ದೇಶವನ್ನು ಹಿಡಿದು ನಿಲ್ಲಿಸಿದ್ದು ಹೊರಗಿದ್ದವರು ಮನೆಗೆ ಕಳಿಸಿದ ದುಡ್ಡು. ಕೆಲಸ ಹೋಗುವ ಭಯ ಅವರಿಗೂ ಇತ್ತು, ಆದರೂ ಅದು ಕಡಿಮೆಯಾಗಲಿಲ್ಲ, ಜಾಸ್ತಿಯೇ ಆಯಿತು. ನಮ್ಮ ಕರಾವಳಿಯ ಎಷ್ಟೋ ಮನೆಗಳಿಗೆ ಗಲ್ಫ್‌ನಿಂದ ಬರುವ ಹಣದ ಹಾಗೆಯೇ ಇದು.

ಆ ಎರಡು ವರ್ಷವನ್ನು ಸಮೋವಾ ವ್ಯರ್ಥ ಮಾಡಲಿಲ್ಲ. 2021ರಲ್ಲಿ ಮತ್ತೆ ಎರಡು ದಿನ ದೇಶ ನಿಲ್ಲಿಸಿ ಮನೆ ಮನೆಗೆ ಹೋಗಿ ಲಸಿಕೆ ಹಾಕಿದರು. 2022ರ ಮಾರ್ಚ್ 17ರಂದು, ಫಿಜಿಗೆ ಹೊರಟಿದ್ದ ಮಹಿಳೆಯೊಬ್ಬರಿಗೆ ಪ್ರಯಾಣಕ್ಕೆ ಮೊದಲು ಮಾಡಿದ ಪರೀಕ್ಷೆಯಲ್ಲಿ ಪಾಸಿಟಿವ್ ಬಂತು. ರೋಗ ಆಗಲೇ ಊರೊಳಗೆ ಇತ್ತು. ಒಮಿಕ್ರಾನ್ ಹರಡಿತು, ಸಾವಿರಾರು ಜನರಿಗೆ ತಗುಲಿತು. ಆದರೆ ಅಷ್ಟರಲ್ಲಿ ವಯಸ್ಕರಲ್ಲಿ ಹೆಚ್ಚಿನವರಿಗೆ ಎರಡು ಡೋಸ್ ಆಗಿತ್ತು. ಸತ್ತವರು ಒಟ್ಟು ಸುಮಾರು 30. ಆ ಒಂದೊಂದು ಸಾವೂ ಸಾವೇ. 8,500ರ ಪಕ್ಕ ಇಟ್ಟು ನೋಡಿ.

ಬೇರೆ ದ್ವೀಪಗಳಲ್ಲೂ ಬಾಗಿಲು ಕೊನೆಗೆ ತೆರೆಯಲೇಬೇಕಾಯಿತು. 2022ರ ಜನವರಿಯಲ್ಲಿ ಟೊಂಗಾದ ಕಡಲೊಳಗಿನ ಜ್ವಾಲಾಮುಖಿ ಸಿಡಿದು ನೆರವಿನ ಹಡಗುಗಳು ಬರಬೇಕಾದವು. ಕೆಲವೇ ದಿನಗಳಲ್ಲಿ ಬಂದರು ಕೆಲಸಗಾರರಲ್ಲಿ ಕೊರೊನಾ ಕಂಡಿತು. ಅದೇ ತಿಂಗಳು ಕಿರಿಬಾಸ್ ಎಂಬ ದ್ವೀಪ ದೇಶಕ್ಕೆ, ಗಡಿ ತೆರೆದ ಮೇಲೆ ಬಂದ ಮೊದಲ ವಿಮಾನದಲ್ಲಿ 54 ಪ್ರಯಾಣಿಕರಲ್ಲಿ 36 ಮಂದಿ ಪಾಸಿಟಿವ್. ಎಲ್ಲರೂ ಲಸಿಕೆ ಪಡೆದವರು, ಹೊರಡುವ ಮೊದಲೂ ಕ್ವಾರಂಟೈನ್ ಮುಗಿಸಿದವರು. ಹಾಗಾಗಿ ದೂರ ಅನ್ನುವುದು ನಿಮಗೆ ಸಮಯ ಕೊಡುತ್ತದೆ, ಅಷ್ಟೇ ಕೊಡುತ್ತದೆ. ನಿಮ್ಮ ಪ್ರಶ್ನೆಗೆ ನನ್ನ ಉತ್ತರ ಇದು.

ಇದನ್ನು ನೋಡಲು ಪೆಸಿಫಿಕ್‌ವರೆಗೆ ಹೋಗಬೇಕಿಲ್ಲ. ಮಂಗಳೂರಿನ ಹಳೆ ಬಂದರಿಗೆ ಹೋದರೆ ಅಕ್ಕಿ, ತರಕಾರಿ, ಜಲ್ಲಿ, ಸಿಮೆಂಟ್ ತುಂಬಿಕೊಂಡು ಲಕ್ಷದ್ವೀಪಕ್ಕೆ ಹೊರಡುವ ಮಂಜಿಗಳು ಕಾಣುತ್ತವೆ. ಅಲ್ಲಿನ ಅಮಿನಿ ಕಡೆಯ ದ್ವೀಪಗಳು 1956ರವರೆಗೆ ದಕ್ಷಿಣ ಕನ್ನಡ ಜಿಲ್ಲೆಗೇ ಸೇರಿದ್ದವು. 2020 ಪೂರ್ತಿ ಲಕ್ಷದ್ವೀಪದಲ್ಲಿ ಕೊರೊನಾ ಒಂದೂ ಇರಲಿಲ್ಲ. ಕೊಚ್ಚಿಯಲ್ಲಿ ಕ್ವಾರಂಟೈನ್ ಮುಗಿಸದೆ ಯಾರೂ ಹಡಗು ಹತ್ತುವ ಹಾಗಿರಲಿಲ್ಲ. ಡಿಸೆಂಬರ್ ಕೊನೆಗೆ ಆ ನಿಯಮ ಸಡಿಲಿಸಿ, ಪರೀಕ್ಷೆಯ ವರದಿ ಇದ್ದರೆ ಸಾಕು ಎಂದರು. ಮೊದಲ ಪ್ರಕರಣ ಬಂದದ್ದು 2021ರ ಜನವರಿ 18ರಂದು. ಮೇ ಕೊನೆಯ ಹೊತ್ತಿಗೆ, ಎಪ್ಪತ್ತು ಸಾವಿರದಷ್ಟು ಜನರಿರುವ ಆ ದ್ವೀಪಗಳಲ್ಲಿ ಸೋಂಕಿತರ ಸಂಖ್ಯೆ ಆರು ಸಾವಿರ ದಾಟಿತ್ತು. ಭಾರತದಲ್ಲಿ ಲಸಿಕೆ ಹಾಕಲು ಶುರು ಮಾಡಿದ್ದು 2021ರ ಜನವರಿ 16ರಂದು. ಆ ಮೊದಲ ಪ್ರಕರಣಕ್ಕಿಂತ ಎರಡು ದಿನ ಮೊದಲು.